ಬಯಾನ, ಇಸಾರ, ಸಂಚಕಾರ

ಹೈದರಾಬಾದಿಗೆ ವರ್ಗವಾಗಿ ಬಂದು ಇಲ್ಲಿಯೇ ಒಂದು ಸೂರು ಮಾಡಿಕೊಳ್ಳೋಣವೆಂದು ಹೊರಟ ಕನ್ನಡಿಗನಿಗೆ ಮೊದಲ ತೊಡಕು ಬೆಲೆಯದಲ್ಲ, ಅಳತೆಯದು. ಬೆಂಗಳೂರು, ಮೈಸೂರುಗಳಲ್ಲಿ ‘ಮೂವತ್ತು ನಲವತ್ತು’ ಎಂದರೆ ನಿವೇಶನ ಕಣ್ಣ ಮುಂದೆ ನಿಲ್ಲುತ್ತದೆ. ಇಲ್ಲಿ ಎಲ್ಲವೂ ಗಜ. ಅದು ಚದರ ಗಜವೆಂದು ಯಾರೂ ಬಿಡಿಸಿ ಹೇಳುವುದಿಲ್ಲ. ನಮ್ಮ 1200 ಚದರ ಅಡಿ ಇಲ್ಲಿ 133 ಗಜವಾಗಿ ಕುಗ್ಗುವುದನ್ನು ಕಂಡು ಮನಸ್ಸಿಗೆ ಪಿಚ್ಚೆನಿಸುತ್ತದೆ. ಈ ಲೆಕ್ಕ ಕೈಗೂಡುವ ಹೊತ್ತಿಗೆ ದಲ್ಲಾಳಿಯ ಬಾಯಿಂದ ಎರಡನೆಯ ಮಾತು ಬರುತ್ತದೆ: ‘ಬಯಾನ ಎಷ್ಟು ಕೊಡುತ್ತೀರಿ?’

ಬಯಾನವೆಂದರೆ ಮಾತು ಗಟ್ಟಿಯಾಯಿತೆಂಬುದಕ್ಕೆ ಕೊಡುವ ಮುಂಗಡ. ಕಲಬುರಗಿ, ಬೆಳಗಾವಿ ಕಡೆಯವರು ಇದನ್ನೇ ಇಸಾರ ಎನ್ನುತ್ತಾರೆ. ಹಳೆಯ ಕನ್ನಡದ ಮಾತು ಸಂಚಕಾರ. ಈ ಮೂರನೆಯದರ ಕಥೆ ಸ್ವಾರಸ್ಯವಾದುದು. ಸಂಸ್ಕೃತದ ‘ಸತ್ಯಂಕಾರ’ವೇ ಸವೆದು ಕನ್ನಡದಲ್ಲಿಯೂ ತೆಲುಗಿನಲ್ಲಿಯೂ ಸಂಚಕಾರವೆಂಬ ರೂಪ ತಾಳಿತು. ಸತ್ಯಂಕಾರವೆಂದರೆ ಮಾತನ್ನು ಸತ್ಯ ಮಾಡುವುದು. ಆದರೆ ಇಂದು ಕನ್ನಡಿಗ ‘ಜೀವಕ್ಕೆ ಸಂಚಕಾರ ಬಂತು’ ಎಂದರೆ ಕೇಳಿದವರು ಮುಂಗಡದ ಹಣವನ್ನು ನೆನೆಯುವುದಿಲ್ಲ, ಬೆಚ್ಚಿಬೀಳುತ್ತಾರೆ. ಯಮನೇ ಬಂದು ಜೀವಕ್ಕೆ ಮುಂಗಡ ಕೊಟ್ಟು ಹೋದ ಎಂಬ ಕಲ್ಪನೆ ಈ ಅರ್ಥಾಂತರದ ಹಿಂದೆ ಇದ್ದಿರಬೇಕು. ಹೈದರಾಬಾದಿನ ಸಿವಿಲ್ ನ್ಯಾಯಾಲಯಗಳ ಪಡಸಾಲೆಯಲ್ಲಿ ಒಂದು ಮಧ್ಯಾಹ್ನ ಕುಳಿತವರಿಗೆ ಈ ಎರಡು ಅರ್ಥಗಳೂ ಅಷ್ಟೇನೂ ದೂರವೆನಿಸುವುದಿಲ್ಲ.

ಸತ್ಯಂಕಾರದ ಕಾನೂನು ಯಾಜ್ಞವಲ್ಕ್ಯ ಸ್ಮೃತಿಯಲ್ಲಿದೆ. ಸಂಚಕಾರವಾಗಿ ಕೊಟ್ಟ ದ್ರವ್ಯವನ್ನು ಇಮ್ಮಡಿಯಾಗಿ ಹಿಂದಿರುಗಿಸಬೇಕೆಂಬುದು ಅದರ ವಿಧಿ. ಆ ಸ್ಮೃತಿಗೆ ಮಿತಾಕ್ಷರವೆಂಬ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರನು ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಕಲ್ಯಾಣದಲ್ಲಿದ್ದವನು. ಕಲಬುರಗಿ ಸೀಮೆಯ ಮರ್ತೂರಿನವನೆಂಬ ಪ್ರತೀತಿಯೂ ಇದೆ. ಇಂದಿನ ಬಸವಕಲ್ಯಾಣಕ್ಕೆ ಹೈದರಾಬಾದಿನಿಂದ ಕೆಲವೇ ಗಂಟೆಗಳ ಹಾದಿ. ಆತ ಈ ವಿಧಿಯನ್ನು ಕೊಡುಕೊಳ್ಳುವ ವ್ಯವಹಾರಕ್ಕೆ ಹೊಂದಿಸಿ ಬಿಡಿಸುತ್ತಾನೆ. ಕ್ರಯವಿಕ್ರಯದ ಮಾತು ನಡೆಯಲೆಂದು ಒಬ್ಬನು ಉಂಗುರವನ್ನೋ ಮತ್ತೊಂದನ್ನೋ ಇನ್ನೊಬ್ಬನ ಕೈಗೆ ಕೊಟ್ಟಿರುತ್ತಾನೆ. ಕೊಟ್ಟವನೇ ಮಾತು ತಪ್ಪಿದರೆ ಅದನ್ನು ಕಳೆದುಕೊಳ್ಳುತ್ತಾನೆ. ತೆಗೆದುಕೊಂಡವನು ತಪ್ಪಿದರೆ ಎರಡರಷ್ಟು ಹಿಂದಿರುಗಿಸಬೇಕು.

ಈ ನಿಯಮದ ಅಚ್ಚುಕಟ್ಟು ನಮ್ಮನ್ನು ಬಹುಕಾಲ ಮರುಳುಮಾಡಿತ್ತು. ಸಾಕ್ಷಿಗಳ ಸಾಲಿಲ್ಲ, ಮನಸ್ಸಿನೊಳಗೆ ಇಣುಕುವ ಪ್ರಶ್ನೆಗಳಿಲ್ಲ. ಮಾತು ಮುರಿಯುವುದಕ್ಕೆ ಒಂದು ಬೆಲೆ ಗೊತ್ತುಮಾಡಿ ಸುಮ್ಮನಾದಂತಿದೆ. ಆದರೆ ಇದರಲ್ಲಿ ಕೊಳ್ಳುವವನಿಗೆ ಸಿಗುವುದು ಹಣವೇ ಹೊರತು ನೆಲವಲ್ಲ. ಮಾರುವವನು ಇಮ್ಮಡಿ ತೆತ್ತು ಬಿಡುಗಡೆ ಹೊಂದಬಹುದು. ಆ ನೆಲವೇ ಬೇಕು, ಹಣ ಒಲ್ಲೆ ಎಂದು ಹಟ ಹಿಡಿಯುವ ಹಕ್ಕು ನಮಗೆ ಬಂದದ್ದು ಬೇರೆ ದಿಕ್ಕಿನಿಂದ.

ಇಂಗ್ಲೆಂಡಿನ ಸಾಮಾನ್ಯ ನ್ಯಾಯಾಲಯಗಳು ಕರಾರು ಮುರಿದವನಿಂದ ಹಣ ಕೊಡಿಸುತ್ತಿದ್ದವು, ಅಷ್ಟೇ. ಅದು ಸಾಲದೆಂದವರು ರಾಜನ ಅಂತಃಸಾಕ್ಷಿಯ ಪ್ರತಿನಿಧಿಯಾದ ಚಾನ್ಸಲರನ ಬಳಿಗೆ ಹೋಗುತ್ತಿದ್ದರು. ಡಿಕನ್ಸ್ ಮಂಜಿನಲ್ಲಿ ಮುಳುಗಿಸಿ ಗೇಲಿ ಮಾಡಿದ ಚಾನ್ಸರಿ ನ್ಯಾಯಾಲಯ ಇದೇ. ಒಂದು ತುಂಡು ನೆಲದಂತೆ ಇನ್ನೊಂದಿರುವುದಿಲ್ಲ, ಆದ್ದರಿಂದ ನೆಲಕ್ಕೆ ಹಣ ಬದಲಾಗಲಾರದು ಎಂಬುದು ಅದರ ನಂಬಿಕೆ. ಮಾತು ಕೊಟ್ಟವನು ಮಾತಿನಂತೆಯೇ ನಡೆಯಬೇಕೆಂದು ಅದು ಆಜ್ಞಾಪಿಸುತ್ತಿತ್ತು. ಬ್ರಿಟಿಷ್ ಭಾರತದಲ್ಲಿ ಈ ತತ್ತ್ವ 1877ರ ನಿರ್ದಿಷ್ಟ ಪರಿಹಾರ ಕಾನೂನಾಗಿ ಬಂತು. ಸ್ಥಿರಾಸ್ತಿಯ ಕರಾರು ಮುರಿದರೆ ಹಣದ ಪರಿಹಾರ ಸಾಲದೆಂದು ನ್ಯಾಯಾಲಯ ಮೊದಲೇ ಭಾವಿಸಿಕೊಳ್ಳಬೇಕೆಂದು ಅದು ಹೇಳಿತು.

ಐದು ವರ್ಷಗಳ ನಂತರ, 1882ರಲ್ಲಿ, ಸ್ವತ್ತು ವರ್ಗಾವಣೆ ಕಾನೂನು ಬಂದಾಗ ಅದರ 54ನೆಯ ಕಲಮು ಇನ್ನೊಂದು ಮಾತು ಹೇಳಿತು: ಮಾರಾಟದ ಕರಾರು ತಾನಾಗಿ ಆಸ್ತಿಯಲ್ಲಿ ಯಾವ ಹಕ್ಕನ್ನೂ ಹುಟ್ಟಿಸುವುದಿಲ್ಲ. ಇಂಗ್ಲೆಂಡಿನಲ್ಲಿ ಕರಾರಿಗೆ ಸಹಿ ಬಿದ್ದೊಡನೆ ಕೊಳ್ಳುವವನು ಒಂದು ಬಗೆಯ ಒಡೆಯನಾಗುತ್ತಾನೆ, ಇಲ್ಲಿ ಆಗುವುದಿಲ್ಲ. ನೆಲ ಅವನದಲ್ಲ, ಆದರೆ ನ್ಯಾಯಾಲಯಕ್ಕೆ ಹೋದರೆ ಅವನದಾಗಬಹುದು. ನಡುವಿನ ಈ ಓಣಿಯಲ್ಲಿ ನಿಂತವರ ಸಂಖ್ಯೆ ನಮ್ಮ ದೇಶದಲ್ಲಿ ಸಣ್ಣದಲ್ಲ. ಹೈದರಾಬಾದಿನಲ್ಲಿ ಆ ಓಣಿ ವಿಶೇಷವಾಗಿ ಉದ್ದವಾಗಿ ಬೆಳೆಯಿತು. ಅದಕ್ಕೆ ಈ ನಗರದ ಚರಿತ್ರೆಯೇ ಕಾರಣ.

1908ರ ಸೆಪ್ಟೆಂಬರ್ 28ರಂದು ಮೂಸಿ ನದಿ ಉಕ್ಕಿ ನಗರವನ್ನು ಕೊಚ್ಚಿತು. ಮರುವರ್ಷ ನಮ್ಮ ವಿಶ್ವೇಶ್ವರಯ್ಯನವರು ಇಲ್ಲಿಗೆ ಬಂದು ನದಿಗೆ ಮೇಲ್ಗಡೆ ಜಲಾಶಯಗಳ ಯೋಜನೆ ಕೊಟ್ಟದ್ದನ್ನು ಎಲ್ಲರೂ ಬಲ್ಲರು. ಆ ಪ್ರವಾಹದ ನಂತರ ಹೊಸದಾಗಿ ಕಟ್ಟಿದ ನಗರದ ಭಾಗವಾಗಿ ಮೂಸಿಯ ದಕ್ಷಿಣ ದಡದಲ್ಲಿ ಎದ್ದದ್ದು ಹೈಕೋರ್ಟು. 1920ರಲ್ಲಿ ಅದರ ಬಾಗಿಲು ತೆರೆಯಿತು. ಗುಮ್ಮಟಗಳ ಕೆಳಗೆ ವ್ಯವಹಾರವೆಲ್ಲ ಉರ್ದುವಿನಲ್ಲಿ. ಬೀದರ, ಕಲಬುರಗಿ, ರಾಯಚೂರುಗಳ ಕನ್ನಡ ರೈತನು ತನ್ನ ಹೊಲದ ವ್ಯಾಜ್ಯಕ್ಕೆ ಕೊನೆಗೆ ಬರಬೇಕಾದದ್ದು ಇಲ್ಲಿಗೇ. ತಾನಾಡದ ಭಾಷೆಯಲ್ಲಿ ತನ್ನ ಹೊಲದ ಹಣೆಬರಹ ಕೇಳಿ ಊರಿಗೆ ಹಿಂದಿರುಗುತ್ತಿದ್ದ. ನಮ್ಮ ಕಂದಾಯದ ಕನ್ನಡದಲ್ಲಿ ಇಂದಿಗೂ ದಸ್ತಾವೇಜು, ಖರೀದಿ, ಜಪ್ತಿ, ವಕೀಲ, ರುಜುವಾತು ಎಂಬ ಮಾತುಗಳು ಉಳಿದಿವೆ.

ನಿಜಾಮರ ಆಳ್ವಿಕೆ 1948ರಲ್ಲಿ ಮುಗಿದು, 1949ರಲ್ಲಿ ಜಹಗೀರುಗಳು ರದ್ದಾಗಿ, 1951ರ ಏಪ್ರಿಲ್ 1ರಿಂದ ಹಲವು ಕೇಂದ್ರ ಕಾನೂನುಗಳು ಇಲ್ಲಿಗೂ ಹರಡಿಕೊಂಡವು. ಆದರೆ ನೆಲದ ಒಡೆತನ ಅಷ್ಟು ಸುಲಭವಾಗಿ ತಿಳಿಯಾಗಲಿಲ್ಲ. ಒಂದೇ ಸರ್ವೆ ನಂಬರಿನ ಮೇಲೆ ಜಹಗೀರುದಾರನ ವಾರಸುದಾರ, ಇನಾಮುದಾರ, ಉಳುತ್ತಿದ್ದ ರೈತ, ದೇಶ ಬಿಟ್ಟು ಹೋದವನ ಆಸ್ತಿಯೆಂದು ವಶಕ್ಕೆ ತೆಗೆದುಕೊಂಡ ಸರ್ಕಾರ, ಇಷ್ಟು ಜನ ನಿಲ್ಲುವ ಸಂದರ್ಭಗಳಿದ್ದವು. ಇಂಥ ನೆಲಕ್ಕೆ ಖರೀದಿಪತ್ರ ಮಾಡಿಸುವುದು ಕಷ್ಟ, ಕರಾರುಪತ್ರ ಮಾಡಿಕೊಳ್ಳುವುದು ಸುಲಭ. ಮೊದಲು ಬಯಾನ, ಉಳಿದದ್ದು ‘ಕಾಗದ ಸರಿಹೋದ ಮೇಲೆ’.

1950ರ ಹೈದರಾಬಾದ್ ಗೇಣಿ ಮತ್ತು ಕೃಷಿಭೂಮಿ ಕಾನೂನು ಈ ಅಭ್ಯಾಸಕ್ಕೆ ಮತ್ತಷ್ಟು ನೀರೆರೆಯಿತು. ಅದರ 47ನೆಯ ಕಲಮಿನಂತೆ ಸರ್ಕಾರಿ ಅಧಿಕಾರಿಯ ಮುಂಗಡ ಅನುಮತಿಯಿಲ್ಲದೆ ಕೃಷಿಭೂಮಿಯ ಪರಭಾರೆ ಊರ್ಜಿತವಲ್ಲ. ಉದ್ದೇಶ ಒಳ್ಳೆಯದೇ, ಬಡರೈತನ ನೆಲ ಸಾಹುಕಾರನ ಪಾಲಾಗಬಾರದು. ಆದರೆ ಜನ ಮಾರುವುದನ್ನು ಬಿಡಲಿಲ್ಲ, ಅನುಮತಿ ಕೇಳುವುದನ್ನು ಬಿಟ್ಟರು. ತೆಲಂಗಾಣದ ಹಳ್ಳಿಗಳಲ್ಲಿ ಮಾರಾಟವು ಬಿಳಿಯ ಹಾಳೆಯ ಮೇಲೆ, ಇಬ್ಬರು ಹಿರಿಯರ ಮುಂದೆ ಹೆಬ್ಬೆಟ್ಟು ಒತ್ತಿಸಿಕೊಂಡು ಮುಗಿಯುತ್ತಿತ್ತು. ಇದಕ್ಕೆ ‘ಸಾದಾ ಬೈನಾಮ’ ಎಂದು ಹೆಸರು. ಆ ಕಲಮು 1969ರಲ್ಲಿ ಹೋಯಿತು. ಬಿಳಿಯ ಹಾಳೆ ಹೋಗಲಿಲ್ಲ. ಅಂಥ ಕಾಗದಗಳನ್ನು ಸಕ್ರಮ ಮಾಡಲು 1971ರ ಹಕ್ಕುದಾಖಲೆ ಕಾನೂನಿಗೆ ಮುಂದೆ ಒಂದು ಕಲಮನ್ನೇ ಸೇರಿಸಬೇಕಾಯಿತು. 2020ರಲ್ಲಿ ಹೊಸ ಕಾನೂನು ಬಂದಾಗ ಆ ಅವಕಾಶ ಅದರಲ್ಲಿರಲಿಲ್ಲ, ಅರ್ಜಿಗಳು ವರ್ಷಗಟ್ಟಲೆ ನಿಂತವು. 2025ರ ಭೂಭಾರತಿ ಕಾನೂನು ಮತ್ತೆ ಬಾಗಿಲು ತೆರೆದಿದೆ. ಗೇಣಿ ಕಾನೂನು ನಮ್ಮ ಮೂರು ಜಿಲ್ಲೆಗಳಲ್ಲಿಯೂ ಇತ್ತು. 1965ರ ಅಕ್ಟೋಬರ್ 2ರಂದು ಕರ್ನಾಟಕದ ಭೂಸುಧಾರಣಾ ಕಾನೂನು ಜಾರಿಗೆ ಬರುವವರೆಗೂ ರಾಯಚೂರಿನ ಕೊಳ್ಳುಗನ ಪಾಡು ಮೆಹಬೂಬನಗರದವನದೇ ಆಗಿತ್ತು.

ನಗರದೊಳಗೆ ಕಥೆ ಬೇರೆಯಾಗಿ ಬೆಳೆಯಿತು. 1976ರಲ್ಲಿ ಬಂದ ನಗರ ಭೂಮಿತಿ ಕಾನೂನಿನಂತೆ ಹೈದರಾಬಾದಿನಲ್ಲಿ, ಬೆಂಗಳೂರಿನಲ್ಲಿದ್ದಂತೆಯೇ, ಒಬ್ಬನು ಇಟ್ಟುಕೊಳ್ಳಬಹುದಾದ ಖಾಲಿ ನಿವೇಶನದ ಮಿತಿ 1000 ಚದರ ಮೀಟರು. ಗಜದಲ್ಲಿ ಹೇಳುವುದಾದರೆ ಸುಮಾರು 1196. ಬಂಜಾರ ಬೆಟ್ಟದ ಸುತ್ತ, ಸರೂರನಗರದ ಕಡೆ, ಸಿಕಂದರಾಬಾದಿನಾಚೆ ಎಕರೆಗಟ್ಟಲೆ ಬಯಲಿದ್ದವರಿಗೆ ಇದು ಸಿಡಿಲು. ಹೆಚ್ಚುವರಿ ನೆಲ ಸರ್ಕಾರದ ಪಾಲಾಗುವ ಮೊದಲು ಮಾರಬೇಕು, ಮಾರಲು ಅನುಮತಿ ಬೇಕು. ಹೀಗಾಗಿ ಅಂದಿನ ಕರಾರುಪತ್ರಗಳಲ್ಲಿ ಒಂದು ವಾಕ್ಯ ಮಂತ್ರದಂತೆ ಮರುಕಳಿಸತೊಡಗಿತು: ಮಾರುವವನು ಭೂಮಿತಿ ಕಚೇರಿಯಿಂದ ಅನುಮತಿ ತಂದು, ತಂದ ಇಷ್ಟು ತಿಂಗಳೊಳಗೆ ನೋಂದಣಿ ಮಾಡಿಸಿಕೊಡತಕ್ಕದ್ದು.

ಈ ಒಂದು ವಾಕ್ಯದೊಳಗೆ ಮೂವತ್ತು ವರ್ಷಗಳ ವ್ಯಾಜ್ಯ ಅಡಗಿ ಕುಳಿತಿತ್ತು. ಇಂಥ ದಾವೆ ಹೂಡಲು ಕಾಲಮಿತಿ ಮೂರು ವರ್ಷ. ಕರಾರಿನಲ್ಲಿ ದಿನಾಂಕ ಗೊತ್ತಾಗಿದ್ದರೆ ಆ ದಿನದಿಂದ, ಇಲ್ಲದಿದ್ದರೆ ಎದುರು ಪಕ್ಷ ‘ಒಲ್ಲೆ’ ಎಂದದ್ದು ತಿಳಿದ ದಿನದಿಂದ ಎಣಿಕೆ. ಅನುಮತಿಯೇ ಬಾರದಿದ್ದರೆ ದಿನಾಂಕವೂ ಬರುವುದಿಲ್ಲ. ಬುದ್ಧಿವಂತ ಮಾರಾಟಗಾರನು ಅರ್ಜಿಯನ್ನೇ ಹಾಕುತ್ತಿರಲಿಲ್ಲ, ಒಲ್ಲೆನೆಂದೂ ಹೇಳುತ್ತಿರಲಿಲ್ಲ, ‘ಆಫೀಸಿನಲ್ಲಿದೆ’ ಎನ್ನುತ್ತಿದ್ದ. ಬುದ್ಧಿವಂತ ಕೊಳ್ಳುಗನೂ ತಗಾದೆ ಮಾಡುತ್ತಿರಲಿಲ್ಲ. ಹತ್ತನೆಯ ಒಂದು ಪಾಲು ಹಣ ಕೊಟ್ಟು, ಉಳಿದದ್ದನ್ನು ಬಡ್ಡಿಗೆ ಬಿಟ್ಟು, ಬೆಲೆ ಏರುವುದನ್ನು ನೋಡುತ್ತ ಕೂರುತ್ತಿದ್ದ. ಸರ್ವೋಚ್ಚ ನ್ಯಾಯಾಲಯವು ಅರವತ್ತರ ದಶಕದಲ್ಲಿಯೇ ಒಂದು ದಾರಿ ತೋರಿಸಿತ್ತು. ಅನುಮತಿ ಬೇಕೆಂಬ ಕಾರಣಕ್ಕೆ ಕರಾರು ಸಾಯುವುದಿಲ್ಲ. ಅನುಮತಿ ಕೇಳುವುದು ಮಾರುವವನ ಹೊಣೆ. ಕೇಳೆಂದು ನ್ಯಾಯಾಲಯ ಅವನಿಗೆ ಆಜ್ಞಾಪಿಸಬಹುದು. ಆದರೆ ಆ ಆಜ್ಞೆ ಪಡೆಯಲೂ ದಾವೆ ನಡೆಯಬೇಕಲ್ಲ. ಕರ್ನಾಟಕದಲ್ಲಿ ಭೂಮಿತಿ ಕಾನೂನು 1999ರಲ್ಲಿ ಹೋಯಿತು, ಇಲ್ಲಿ ಹೋದದ್ದು 2008ರಲ್ಲಿ. ಆ ನಡುವಿನ ಕಾಲದಲ್ಲಿಯೇ, 1998ರಲ್ಲಿ, ಮಾದಾಪುರದಲ್ಲಿ ಸೈಬರ್ ಟವರ್ಸ್ ಎದ್ದಿತು. ಕಲ್ಲುಬಂಡೆಗಳ ಬಯಲಿಗೆ ಚಿನ್ನದ ಬೆಲೆ ಬಂತು. ಕೋಕಾಪೇಟೆಯಲ್ಲಿ 2023ರ ಆಗಸ್ಟಿನ ಸರ್ಕಾರಿ ಹರಾಜಿನಲ್ಲಿ ಒಂದು ಎಕರೆ 100.75 ಕೋಟಿ ರೂಪಾಯಿಗೆ ಹೋಗಿದೆ. ಅಪ್ಪ ಕೊಟ್ಟ ಮಾತನ್ನು ಮಕ್ಕಳು ಉಳಿಸಿಕೊಳ್ಳದಿರುವುದಕ್ಕೆ ಇದಕ್ಕಿಂತ ದೊಡ್ಡ ಪ್ರಲೋಭನೆ ಬೇಕೆ?

ಈ ವ್ಯಾಜ್ಯಗಳಲ್ಲಿ ಯಾರು ಅನ್ಯಾಯಗಾರರು ಎಂಬುದನ್ನು ದೂರದಿಂದ ಹೇಳಲಾಗದು. ಕೆಲವೊಮ್ಮೆ ಕೊಳ್ಳುವವನು ನಿವೃತ್ತ ಗುಮಾಸ್ತ, ಮಾರುವವನು ಎಕರೆಗಳ ಒಡೆಯ. ಕೆಲವೊಮ್ಮೆ ತಿರುವುಮುರುವು: ಮಗಳ ಮದುವೆಗೆಂದು ಹೊಲಕ್ಕೆ ಬಯಾನ ಪಡೆದ ರೈತನೊಬ್ಬ, ಅದೇ ಕರಾರುಪತ್ರವನ್ನು ಮೂವರ ಕೈ ದಾಟಿಸಿ ಲಾಭ ಮಾಡುವ ದಲ್ಲಾಳಿ. ಎರಡೂ ಬಗೆಯವರು ಒಂದೇ ಕಾನೂನಿನ ಒಂದೇ ಕಲಮಿನ ಕೆಳಗೆ ನಿಲ್ಲುತ್ತಾರೆ. ಇದನ್ನು ಬಲ್ಲ ಹಳೆಯ ಕಾನೂನು ತೀರ್ಪನ್ನು ನ್ಯಾಯಾಧೀಶರ ವಿವೇಚನೆಗೆ ಬಿಟ್ಟಿತ್ತು; 1877ರದನ್ನು ಬದಲಿಸಿದ 1963ರ ಕಾನೂನೂ ಹಾಗೆಯೇ ಉಳಿಸಿಕೊಂಡಿತು. ಕೊಳ್ಳುವವನಿಗೆ ಒಂದು ಕಟ್ಟಳೆಯನ್ನೂ ಹಾಕಿತು. ತನ್ನ ಪಾಲಿನ ಕರಾರನ್ನು ನಡೆಸಲು ತಾನು ಮೊದಲಿನಿಂದ ಕೊನೆಯವರೆಗೂ ಸಿದ್ಧನೂ ಇಚ್ಛುಕನೂ ಆಗಿದ್ದೆನೆಂದು ಅವನು ಹೇಳಬೇಕು, ರುಜುವಾತು ಮಾಡಬೇಕು. ಸಿದ್ಧತೆ ಹಣದ ಮಾತು, ಇಚ್ಛೆ ಮನಸ್ಸಿನ ಮಾತು. 1928ರಲ್ಲಿ ಮುಂಬಯಿಯ ಮೊಕದ್ದಮೆಯೊಂದರಲ್ಲಿ ಪ್ರಿವಿ ಕೌನ್ಸಿಲು ಈ ತತ್ತ್ವವನ್ನು ಗಟ್ಟಿಯಾಗಿ ಹೇಳಿತ್ತು. ಹಣ ತಂದು ಕಟ್ಟಬೇಕಾಗಿಲ್ಲ, ಇತ್ತೆಂದು ತೋರಿಸಬೇಕು. ಸಂಬಳದಲ್ಲಿ ಬದುಕುವವನು ಇಪ್ಪತ್ತು ವರ್ಷಗಳ ಹಿಂದೆ ತನ್ನ ಕೈಯಲ್ಲಿ ಹಣವಿತ್ತೆಂದು ಹೇಗೆ ತೋರಿಸುತ್ತಾನೆ ಎಂಬುದನ್ನು ಯಾವ ಕಲಮೂ ಹೇಳುವುದಿಲ್ಲ.

ಇನ್ನು ಕಾಲದ ಮಾತು. ನೆಲದ ಕರಾರಿನಲ್ಲಿ ಗಡುವು ಅಷ್ಟು ಮುಖ್ಯವಲ್ಲ, ಸ್ವಲ್ಪ ಹಿಂದುಮುಂದಾದರೂ ಕರಾರು ಮುರಿಯದು ಎಂದು 1915ರಲ್ಲಿಯೇ ಪ್ರಿವಿ ಕೌನ್ಸಿಲು ಹೇಳಿತ್ತು. ಬೆಲೆಗಳು ತಲೆಮಾರುಗಟ್ಟಲೆ ನಿಂತಲ್ಲೇ ನಿಲ್ಲುತ್ತಿದ್ದ ಕಾಲದ ಮಾತದು. ಅದನ್ನು ಮೊದಲು ಬಲವಾಗಿ ಅಲುಗಾಡಿಸಿದವರು ಹಿಂದೆ ಆಂಧ್ರಪ್ರದೇಶ ಹೈಕೋರ್ಟಿನಲ್ಲಿದ್ದ ನ್ಯಾಯಮೂರ್ತಿ ಬಿ.ಪಿ. ಜೀವನ್ ರೆಡ್ಡಿಯವರು, ಎಸ್.ಆರ್. ಬೊಮ್ಮಾಯಿ ಪ್ರಕರಣದ ಮೂಲಕ ನಮಗೆಲ್ಲ ಪರಿಚಿತರು. 1997ರಲ್ಲಿ ಅವರ ಮುಂದಿದ್ದದ್ದು ಮದುರೆಯ ಒಂದು ಮನೆ. 1978ರ ಕರಾರು, ಬೆಲೆ 60,000 ರೂಪಾಯಿ, ಮುಂಗಡ 5,000, ಗಡುವು ಆರು ತಿಂಗಳು. ಕೊಳ್ಳುವವನು ಎರಡೂವರೆ ವರ್ಷ ಬಾಯಿಬಿಡಲಿಲ್ಲ. ನಗರದ ಆಸ್ತಿಬೆಲೆ ಏರುತ್ತಿರುವುದನ್ನು ಊರೆಲ್ಲ ಕಾಣುತ್ತಿರುವಾಗ ನ್ಯಾಯಾಲಯ ಮಾತ್ರ ಕಣ್ಣು ಮುಚ್ಚಿಕೊಂಡಿರಬೇಕಾಗಿಲ್ಲ ಎಂಬುದು ಆ ತೀರ್ಪಿನ ಸಾರ. 2011ರ ಜುಲೈಯಲ್ಲಿ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್, ಕರ್ನಾಟಕ ಹೈಕೋರ್ಟಿನಲ್ಲಿದ್ದವರು, ಇನ್ನೂ ಮುಂದೆ ಹೋಗಿ ಹಳೆಯ ತತ್ತ್ವವನ್ನೇ ಮರುಪರಿಶೀಲಿಸಬೇಕೆಂದರು. ಮಾರುವವನಿಗೆ ನಿಗದಿಯಾದ ದಿನ ಹಣ ಬಾರದಿದ್ದರೆ, ಆ ಹಣದಿಂದ ಅವನು ಕೊಳ್ಳಬೇಕೆಂದಿದ್ದ ಇನ್ನೊಂದು ನೆಲವೂ ಅವನ ಕೈತಪ್ಪುತ್ತದೆ ಎಂಬುದನ್ನು ನಾವು ಎಷ್ಟು ಜನ ಯೋಚಿಸಿದ್ದೇವೆ? ಅದೇ ವರ್ಷ ಅಕ್ಟೋಬರಿನಲ್ಲಿ ಅವರದೇ ಪೀಠವು ಮುಖ್ತ್ಯಾರ ಪತ್ರದ ಮೂಲಕ ನಡೆಯುವ ಮಾರಾಟ ಮಾರಾಟವೇ ಅಲ್ಲವೆಂದಿತು. ಕರಾರು ಮತ್ತು ಮುಖ್ತ್ಯಾರ ಎರಡನ್ನೂ ಒಂದೇ ದಸ್ತಾವೇಜಿನಲ್ಲಿ ಹೆಣೆದು ‘ಎ.ಜಿ.ಪಿ.ಎ.’ ಎಂದು ಕರೆಯುತ್ತಿದ್ದ ಹೈದರಾಬಾದಿನಲ್ಲಿ ಆ ತೀರ್ಪು ಎಬ್ಬಿಸಿದ ಗಾಬರಿ ಸಾಮಾನ್ಯದ್ದಲ್ಲ. ಅಂಥವರ ಕೈಯಲ್ಲಿ ಉಳಿದ ಆಸರೆ ಮತ್ತೆ ಅದೇ: ಕರಾರಿನ ಭಾಗವನ್ನು ಹಿಡಿದು ದಾವೆ ಹೂಡುವುದು.

2018ರಲ್ಲಿ ಸಂಸತ್ತು ವಿವೇಚನೆಯ ಅಧಿಕಾರವನ್ನೇ ಕಿತ್ತುಹಾಕಿತು. ಆ ವರ್ಷದ ಅಕ್ಟೋಬರ್ 1ರಿಂದ ಕರಾರನ್ನು ಜಾರಿಮಾಡಿಸುವುದು ನ್ಯಾಯಾಲಯದ ಕರ್ತವ್ಯ. ಸಮನ್ಸು ತಲುಪಿದ ಹನ್ನೆರಡು ತಿಂಗಳಲ್ಲಿ ದಾವೆ ಮುಗಿಯಬೇಕೆಂದೂ ಬರೆದರು. ಸರ್ಕಾರಿ ನೌಕರರಾದ ನಮಗೆ ಗಡುವುಗಳ ಪರಿಚಯ ಚೆನ್ನಾಗಿದೆ, ಆ ಮಾತು ಅಲ್ಲಿಗಿರಲಿ. ವ್ಯಾಪಾರ ವ್ಯವಹಾರ ಸುಗಮವಾಗಲೆಂಬುದು ತಿದ್ದುಪಡಿಯ ಆಶಯ. ವ್ಯಾಪಾರಿಯ ದೃಷ್ಟಿಗೆ ಅದು ಸರಿಯಿರಬಹುದು. ಆದರೆ ಮೇಲೆ ಹೇಳಿದ ರೈತನನ್ನೂ ಎಕರೆಗಳ ಒಡೆಯನನ್ನೂ ಬೇರೆಬೇರೆಯಾಗಿ ನೋಡುತ್ತಿದ್ದ ಕಣ್ಣು ಆ ವಿವೇಚನೆಯೇ ಆಗಿತ್ತು. ಅದನ್ನು ಕಳೆದುಕೊಂಡದ್ದು ನಮಗೆ ಸಂತೋಷದ ಸಂಗತಿಯಾಗಿ ಕಾಣುವುದಿಲ್ಲ.

ಹೊಸ ನಿಯಮ ಹಳೆಯ ಕರಾರುಗಳಿಗೂ ಅನ್ವಯಿಸುತ್ತದೆಯೇ ಎಂಬ ಪ್ರಶ್ನೆ ಹೈದರಾಬಾದಿನ ನೆರೆಯ ರಂಗಾರೆಡ್ಡಿ ಜಿಲ್ಲೆಯ ಒಂದು ವ್ಯಾಜ್ಯದಿಂದಲೇ ಸರ್ವೋಚ್ಚ ನ್ಯಾಯಾಲಯಕ್ಕೆ ಹೋಯಿತು. ಕರಾರು 1997ರದು. ತೆಲಂಗಾಣ ಹೈಕೋರ್ಟು ಕೊಳ್ಳುವವರ ಪರ ತೀರ್ಪಿತ್ತಿತ್ತು. 2022ರ ಆಗಸ್ಟ್ 25ರಂದು ಮುಖ್ಯ ನ್ಯಾಯಮೂರ್ತಿ ಎನ್.ವಿ. ರಮಣ ಅವರ ಪೀಠವು ತಿದ್ದುಪಡಿ ಹಿಂದಿನ ವ್ಯವಹಾರಗಳಿಗೆ ಅನ್ವಯಿಸದೆಂದು ಹೇಳಿ ಅದನ್ನು ತಿರುಗಿಸಿತು. 2024ರ ನವೆಂಬರ್ 8ರಂದು, ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರಿದ್ದ ಪೀಠವು ಪುನರ್ವಿಮರ್ಶೆಯ ಅರ್ಜಿಯನ್ನು ಒಪ್ಪಿ ಆ ತೀರ್ಪನ್ನೇ ಹಿಂಪಡೆದು ಮತ್ತೆ ಕೊಳ್ಳುವವರ ಪರ ನಿಂತಿತು. ಸಹಿ ಬಿದ್ದು ಇಪ್ಪತ್ತೇಳು ವರ್ಷಗಳಾಗಿದ್ದವು.

ಇಂಥ ತೀರ್ಪಾದ ಮೇಲೂ ಮಾರುವವನು ಸಹಿ ಹಾಕದಿದ್ದರೆ? ಅದಕ್ಕೂ ಕಾನೂನಿನಲ್ಲಿ ಏರ್ಪಾಡಿದೆ. ನ್ಯಾಯಾಲಯವೇ ಅವನ ಪರವಾಗಿ ಖರೀದಿಪತ್ರಕ್ಕೆ ಸಹಿ ಮಾಡಿ ನೋಂದಣಿ ಮಾಡಿಸಿಕೊಡುತ್ತದೆ. ವಿಜ್ಞಾನೇಶ್ವರ ಇದನ್ನು ಕಂಡಿದ್ದರೆ ಏನೆನ್ನುತ್ತಿದ್ದನೋ.

ನಮ್ಮ ಕಚೇರಿಯ ಹಿರಿಯ ಸಹೋದ್ಯೋಗಿಯೊಬ್ಬರು ರಾಯಚೂರಿನ ಕಡೆಯವರು. ಅವರ ತಂದೆ 1983ರಲ್ಲಿ ಸರೂರನಗರದ ಕಡೆ 250 ಗಜಕ್ಕೆ 45,000 ರೂಪಾಯಿ ಗೊತ್ತುಮಾಡಿಕೊಂಡು 12,000 ಬಯಾನ ಕೊಟ್ಟರು. ಕರಾರಿನಲ್ಲಿ ಭೂಮಿತಿಯ ಆ ವಾಕ್ಯವೂ ಇತ್ತು. ಒಂಬತ್ತು ವರ್ಷ ಕಾದರು. ಮಾರಿದವನು ತೀರಿಕೊಂಡ, ಮಕ್ಕಳು ತಮಗೆ ಗೊತ್ತೇ ಇಲ್ಲವೆಂದರು. 1993ರಲ್ಲಿ ಹೂಡಿದ ದಾವೆ 2004ರಲ್ಲಿ ತೀರ್ಮಾನವಾಯಿತು. ಉಳಿದ 33,000 ಅವರ ಬಳಿ ಇತ್ತೆಂಬುದಕ್ಕೆ ಪಾಸ್‌ಬುಕ್ಕಿನಲ್ಲಿ ಆಧಾರವಿರಲಿಲ್ಲ. ಹಣವನ್ನು ತಾನು ಕೊಡುತ್ತೇನೆಂದಿದ್ದ ಅಣ್ಣ ಅಷ್ಟರಲ್ಲಿ ಸಾಕ್ಷಿ ಹೇಳಲು ಉಳಿದಿರಲಿಲ್ಲ. ಇಚ್ಛೆ ಇತ್ತು, ಸಿದ್ಧತೆ ರುಜುವಾತಾಗಲಿಲ್ಲ ಎಂದು ನ್ಯಾಯಾಧೀಶರು ಬರೆದರು. ಬಯಾನವನ್ನು ಕೊಟ್ಟ ದಿನದಿಂದ ಶೇಕಡಾ 6ರ ಸರಳ ಬಡ್ಡಿ ಸೇರಿಸಿ ಹಿಂದಿರುಗಿಸಬೇಕೆಂದು ಆಜ್ಞೆಯಾಯಿತು.

ಲೆಕ್ಕ ಹಾಕಿದರೆ 27,120 ರೂಪಾಯಿ. ವಿಜ್ಞಾನೇಶ್ವರನ ಕಟ್ಟಳೆಯಲ್ಲಾದರೆ 24,000 ಸಿಗಬೇಕಿತ್ತು. ಅದಕ್ಕಿಂತ ಮೂರು ಸಾವಿರ ಮೇಲಾಯಿತು. ಆ ಹಣಕ್ಕೆ ಆ ವರ್ಷ ಅದೇ ಬಡಾವಣೆಯಲ್ಲಿ ಸುಮಾರು ಐದು ಗಜ ಬರುತ್ತಿತ್ತೆಂದು ಸಹೋದ್ಯೋಗಿ ಹೇಳಿದರು. ಒಂದು ಮಂಚ ಹಾಕಿ ಪಕ್ಕದಲ್ಲಿ ಓಡಾಡುವಷ್ಟು ಜಾಗ. ತಂದೆ ಮೇಲ್ಮನವಿ ಬೇಡವೆಂದರಂತೆ. ಮೂಲ ಕರಾರುಪತ್ರವನ್ನು ನ್ಯಾಯಾಲಯದಿಂದ ಹಿಂದಕ್ಕೆ ಪಡೆಯಲು ಮಾತ್ರ ಅರ್ಜಿ ಹಾಕಿದರು, ತರಿಸಿಕೊಂಡರು. ಅದು ಈಗಲೂ ಅವರ ಮನೆಯ ಟ್ರಂಕಿನಲ್ಲಿದೆ.